ಮೂರು ದಿನದ ಬಸ್ಸು, ನಿಲುಗಡೆಯಿಲ್ಲದ ಬೆಟ್ಟ

(ಪ್ರೌಢಶಾಲೆಯ ವಾರ್ಷಿಕ ಪ್ರವಾಸಕ್ಕೆ ಮುನ್ನ ವಿದ್ಯಾರ್ಥಿಗಳು ಹಾಗೂ ಪೋಷಕರ ಸಭೆಯಲ್ಲಿ ನೀಡಿದ ಉಪನ್ಯಾಸದ ಪಠ್ಯ)



ಡಿಸೆಂಬರ್ ಬಂತೆಂದರೆ ಮಲೆನಾಡಿನ ಶಾಲೆಗಳ ಸೂಚನಾಫಲಕದಲ್ಲಿ ಒಂದು ಪಟ್ಟಿ ಕಾಣಿಸಿಕೊಳ್ಳುತ್ತದೆ. ಚಾಮುಂಡಿಬೆಟ್ಟ, ಅರಮನೆ, ಮೃಗಾಲಯ, ಶ್ರೀರಂಗಪಟ್ಟಣ, ಕೃಷ್ಣರಾಜಸಾಗರ, ಬಂಡೀಪುರ, ಊಟಿ. ಅದರ ಕೆಳಗೆ ತಲೆಗೆ ಇಷ್ಟು ರೂಪಾಯಿ ಎಂಬ ಸಾಲು. ಅಡಿಕೆ ಕೊಯ್ಲಿನ ಕೂಲಿಯಲ್ಲಿ ಉಳಿಸಿ ಆ ಹಣ ಕಟ್ಟುವ ತಾಯಂದಿರಿದ್ದಾರೆ. ಪಟ್ಟಿಯಲ್ಲಿರುವ ಊರುಗಳನ್ನು ಜೀವನದಲ್ಲಿ ಆ ಒಂದೇ ಸಲ ನೋಡುವ ಮಕ್ಕಳಿದ್ದಾರೆ. ಆದುದರಿಂದ ಇಂತಹ ಪ್ರವಾಸವನ್ನು 'ಓಡುನೋಟ'ವೆಂದು ಗೇಲಿ ಮಾಡುವುದು ಸುಲಭವಾದರೂ ಸಲ್ಲದು. ಹತ್ತು ದಿನ ಒಂದೇ ಊರಿನಲ್ಲಿ ತಂಗಿ ನಿಧಾನವಾಗಿ ನೋಡಿರೆಂದು ಉಪದೇಶಿಸುವವರು ಅದರ ಖರ್ಚನ್ನು ಕೊಡುವುದಿಲ್ಲ.

ಆದರೂ ಆ ಪಟ್ಟಿಯನ್ನು ಯಾರು ಬರೆದರು ಎಂಬ ಪ್ರಶ್ನೆಯನ್ನು ಕೇಳಬೇಕಾಗಿದೆ. ಮುಖ್ಯೋಪಾಧ್ಯಾಯರು ಬರೆದರೆಂದು ತೋರಬಹುದು. ವಾಸ್ತವವಾಗಿ ಬರೆದಿರುವುದು ರಸ್ತೆ, ಗೇಟು, ಟಿಕೆಟ್ ಕೌಂಟರು ಮತ್ತು ಅಂಗಡಿಗಳು. ಬಸ್ಸು ನಿಲ್ಲಿಸಲು ಎಲ್ಲಿ ಜಾಗವಿದೆಯೋ ಅದು 'ಸ್ಥಳ'ವಾಗುತ್ತದೆ. ಜಾಗವಿಲ್ಲದ ಕಡೆ ಎಂತಹ ಅಚ್ಚರಿಯಿದ್ದರೂ ಅದು ಕಿಟಕಿಯ ಹೊರಗಿನ ಹಸಿರು ಮಾತ್ರ.

ಬಸ್ಸು ರಾತ್ರಿ ಹೊರಟು ನಸುಕಿನಲ್ಲಿ ಮೈಸೂರು ತಲುಪುತ್ತದೆ. ಮೊದಲನೆಯ ದಿನದ ಕಥೆ ಎಲ್ಲರಿಗೂ ಗೊತ್ತು. ಬೆಟ್ಟದ ಮೇಲೆ ಸಾಲು, ಅರಮನೆಯ ಬಾಗಿಲಲ್ಲಿ ಚಪ್ಪಲಿಯ ರಾಶಿ. ಹಿಂದಿನ ಮರದ ಅರಮನೆ 1897ರಲ್ಲಿ ಬೆಂಕಿಗೆ ಆಹುತಿಯಾದುದು, ಹೆನ್ರಿ ಇರ್ವಿನ್ ಎಂಬ ವಾಸ್ತುಶಿಲ್ಪಿಯ ವಿನ್ಯಾಸದಂತೆ ಈಗಿನದು 1912ರಲ್ಲಿ ಪೂರ್ಣವಾದುದು, ಇವೆಲ್ಲವನ್ನೂ ಮಾರ್ಗದರ್ಶಿ ಒಂದೇ ಉಸಿರಿನಲ್ಲಿ ಹೇಳಿ ಮುಗಿಸುತ್ತಾನೆ. 1892ರಲ್ಲಿ ಆರಂಭವಾದ ಮೃಗಾಲಯವನ್ನು ಸರಿಯಾಗಿ ಸುತ್ತಲು ಮೂರು ಗಂಟೆಯಾದರೂ ಬೇಕು. ಪಟ್ಟಿಯಲ್ಲಿರುವುದು ಒಂದು ಗಂಟೆ. ಮಕ್ಕಳು ಜಿರಾಫೆಯಿಂದ ಹುಲಿಗೆ ಓಡುತ್ತಾರೆ. ಆ ಓಟದಲ್ಲಿಯೂ ಒಂದು ಸಂತೋಷವಿದೆ, ಅದನ್ನು ಕಸಿಯಬೇಕಾಗಿಲ್ಲ.

ಸಂಜೆಯ ಕೃಷ್ಣರಾಜಸಾಗರದ ಬಗ್ಗೆ ಮಾತ್ರ ಒಂದು ಮಾತು. 1911ರಲ್ಲಿ ಕೆಲಸ ತೊಡಗಿ ಎರಡು ದಶಕ ನಡೆದ ನಿರ್ಮಾಣವದು. ಕಲ್ಲು ಮತ್ತು ಸುರ್ಕಿ ಗಾರೆಯಲ್ಲಿ ಕಾವೇರಿಯನ್ನು ತಡೆದ ಆ ಕಟ್ಟೆಯಿಂದಲೇ ಮಂಡ್ಯ ಸೀಮೆಯ ಗದ್ದೆಗಳಿಗೆ ನೀರು ಹರಿಯುತ್ತದೆ. ಅಲ್ಲಿಗೆ ಹೋದ ಮಕ್ಕಳು ನೋಡುವುದು ಬಣ್ಣದ ದೀಪದಲ್ಲಿ ಕುಣಿಯುವ ಕಾರಂಜಿಯನ್ನು. ಕತ್ತಲೆಯಾದ ಮೇಲೆ ತಲುಪುವುದರಿಂದ ಕಟ್ಟೆಯೇ ಕಾಣದು, ನಾಲೆಯಂತೂ ಪಟ್ಟಿಯಲ್ಲಿಯೇ ಇಲ್ಲ. ಅಡಿಕೆ ತೋಟದ ಕಾದಿಗೆಯಲ್ಲಿ ನೀರಿನ ಲೆಕ್ಕ ಕಲಿತ ಮಲೆನಾಡಿನ ಮಗುವಿಗೆ ಕಾರಂಜಿಗಿಂತ ನಾಲೆಯೇ ಹೆಚ್ಚು ಪಾಠ ಹೇಳಬಲ್ಲುದಿತ್ತು.

ಎರಡನೆಯ ದಿನದ ಕಾರ್ಯಕ್ರಮವನ್ನು ರೂಪಿಸುವುದು ಒಂದು ಗೇಟು. ಬಂಡೀಪುರದ ಮೂಲಕ ಹಾದುಹೋಗುವ ಹೆದ್ದಾರಿಯಲ್ಲಿ ರಾತ್ರಿ 9ರಿಂದ ಬೆಳಿಗ್ಗೆ 6ರವರೆಗೆ ವಾಹನ ಸಂಚಾರವನ್ನು 2009ರಲ್ಲಿ ನಿಷೇಧಿಸಲಾಯಿತು. ರಾತ್ರಿ ರಸ್ತೆ ದಾಟುವ ಪ್ರಾಣಿಗಳು ಲಾರಿಗಳ ಚಕ್ರಕ್ಕೆ ಸಿಕ್ಕಿ ಸಾಯುತ್ತಿದ್ದುದೇ ಇದಕ್ಕೆ ಕಾರಣ. ಆದುದರಿಂದ ಪ್ರವಾಸದ ಬಸ್ಸುಗಳು ಬೆಳಗಿನ ಜಾವ ಗೇಟಿನ ಮುಂದೆ ಸಾಲಾಗಿ ನಿಂತು, ತೆರೆದೊಡನೆ ಒಂದರ ಹಿಂದೊಂದು ಕಾಡಿಗೆ ನುಗ್ಗುತ್ತವೆ. ಅದೇ ದಿನ ರಾತ್ರಿ 9ರೊಳಗೆ ಹಿಂತಿರುಗಿ ದಾಟಬೇಕು. ಅಂದರೆ ಮಧ್ಯಾಹ್ನದ ಹೊತ್ತಿಗೆ ಊಟಿ, ಸಂಜೆ ಐದಕ್ಕೆ ಮೊದಲು ಇಳಿಯುವ ದಾರಿ. ಪ್ರಾಣಿಗಳ ಹಿತಕ್ಕಾಗಿ ಬಂದ ಈ ನಿಯಮ ತೀರಾ ಸರಿಯಾದುದು. ಅದರ ನಡುವೆ ಉಳಿದ ಐದು ಗಂಟೆಗಳಲ್ಲಿ ಒಂದು ಪರ್ವತಶ್ರೇಣಿಯನ್ನೇ ತೋರಿಸಿಬಿಡುತ್ತೇವೆ ಎಂದು ಹೇಳುವ ಪಟ್ಟಿಯೇ ಅಸಂಬದ್ಧ.

ಕಾಡಿನ ರಸ್ತೆಯಲ್ಲಿ ಮಕ್ಕಳೆಲ್ಲ ಒಂದು ಬದಿಯ ಕಿಟಕಿಗೆ ಮುಗಿಬೀಳುತ್ತಾರೆ. ಜಿಂಕೆ ಕಂಡರೆ ಕೂಗು. ಮೂಗಿನ ಮುಂದೆಯೇ ಮೈಲಿಗಟ್ಟಲೆ ಹಬ್ಬಿರುವ ಲಂಟಾನದ ಪೊದೆಯನ್ನು ಯಾರೂ ನೋಡುವುದಿಲ್ಲ. ಅಮೆರಿಕದ ಉಷ್ಣವಲಯದಿಂದ ಬಂದ ಈ ಗಿಡ ಬಂಡೀಪುರದ ನೆಲವನ್ನು ಆವರಿಸಿ, ಜಿಂಕೆ ಮೇಯಬೇಕಾದ ಹುಲ್ಲನ್ನು ಅಡಗಿಸಿದೆ. ಜಿಂಕೆಗಳು ರಸ್ತೆಯ ಅಂಚಿನಲ್ಲಿ ಕಾಣುವುದಕ್ಕೆ ಅಂಚಿನ ಪೊದೆಯನ್ನು ಸವರಿ ಹುಲ್ಲು ಬೆಳೆಯಲು ಬಿಟ್ಟಿರುವುದೂ ಒಂದು ಕಾರಣ. ಕಕ್ಕನಹಳ್ಳದ ತಪಾಸಣಾ ಠಾಣೆಯಲ್ಲಿ ರಾಜ್ಯ ಬದಲಾಗುತ್ತದೆ, ಹೆಸರುಗಳು ಮಾತ್ರ ಪರಿಚಿತವಾಗಿಯೇ ಉಳಿಯುತ್ತವೆ. ನಡುವಟ್ಟ, ದೊಡ್ಡಬೆಟ್ಟ. ಕನ್ನಡಕ್ಕೆ ಅತ್ಯಂತ ಸಮೀಪದ ನುಡಿಯನ್ನಾಡುವ ಬಡಗರ ನಾಡು ಅದು.

ಗೂಡಲೂರಿನಿಂದ ಬಸ್ಸು ಹತ್ತುವಾಗ ಚಹಾ ತೋಟ, ನಡುವಟ್ಟದಲ್ಲಿ ಒಂದು ಕಾಲದ ಸಿಂಕೋನಾ ನೆಡುತೋಪಿನ ನೆಲೆ, ಅನಂತರ ಎತ್ತರದ ನೇರ ಮರಗಳ ಸಾಲು. ಮಾರ್ಗದರ್ಶಿ ಮೈಕಿನಲ್ಲಿ ಹೇಳುತ್ತಾನೆ: "ನೋಡಿ ಮಕ್ಕಳೇ, ಇವೇ ನೀಲಗಿರಿ ಮರಗಳು. ಇದರಿಂದಲೇ ಈ ಬೆಟ್ಟಕ್ಕೆ ಆ ಹೆಸರು." ಕನ್ನಡದಲ್ಲಿ ಆ ಮರಕ್ಕೆ ಬೇರೆ ಹೆಸರೇ ಇಲ್ಲದಿರುವುದರಿಂದ ಮಾತು ನಿಜವೆಂದೇ ತೋರುತ್ತದೆ. ಆದರೆ ಹೊಯ್ಸಳ ವಿಷ್ಣುವರ್ಧನನ ದಂಡನಾಯಕ ಪುಣಿಸನು ತೋದರನ್ನು ಬೆದರಿಸಿ ನೀಲಾದ್ರಿಯನ್ನು ಹಿಡಿದನೆಂದು ಚಾಮರಾಜನಗರದ 1117ರ ಶಾಸನ ಹೇಳುತ್ತದೆ. ಆಸ್ಟ್ರೇಲಿಯಾದ ಈ ಮರ ಆ ಬೆಟ್ಟಕ್ಕೆ ಬಂದುದು 1843ರಲ್ಲಿ. ಹೆಸರು ಬೆಟ್ಟದ್ದು, ಮರ ಅದನ್ನು ಕಡ ಪಡೆದಿದೆ. ಏಳು ನೂರು ವರ್ಷ ತಡವಾಗಿ ಬಂದ ಅತಿಥಿಯು ಮನೆಯ ಯಜಮಾನನೆಂದು ಕರೆಸಿಕೊಳ್ಳುತ್ತಿದ್ದಾನೆ.

ಹಾಗಾದರೆ ಆ ಮನೆಯ ಮೂಲರೂಪ ಹೇಗಿತ್ತು? ಬೆಟ್ಟದ ಬೆನ್ನೆಲ್ಲ ಹುಲ್ಲುಗಾವಲು. ಎರಡು ಬೆನ್ನುಗಳ ನಡುವಿನ ಮಡಿಕೆಯಲ್ಲಿ, ನೀರು ಒಸರುವೆಡೆ, ಗಿಡ್ಡ ಮರಗಳ ದಟ್ಟ ಶೋಲಾ ಕಾಡು. ತಗ್ಗಿನಲ್ಲಿ ಜವುಗು. ಕುದುರೆಮುಖದ ಬೆಟ್ಟಗಳನ್ನೋ ಬಾಬಾಬುಡನ್‌ಗಿರಿಯನ್ನೋ ಕಂಡವರಿಗೆ ಈ ಚಿತ್ರ ಹೊಸದಲ್ಲ. ಹುಲ್ಲಿನ ಮೇಲೆ ಮರವೇಕೆ ಬೆಳೆಯಲಿಲ್ಲ ಎಂಬುದಕ್ಕೆ ಒಂದು ಉತ್ತರ ಡಿಸೆಂಬರಿನ ಬೆಳಗಿನಲ್ಲಿದೆ. ಚಳಿಗಾಲದ ಶುಭ್ರ ರಾತ್ರಿಗಳಲ್ಲಿ ಬಯಲಿನ ಮೇಲೆ ಇಬ್ಬನಿ ಹೆಪ್ಪುಗಟ್ಟಿ ಬಿಳಿಯ ಪುಡಿಯಾಗುತ್ತದೆ. ಆ ಹಿಮಕ್ಕೆ ಶೋಲಾದ ಎಳೆಯ ಸಸಿಗಳು ಬಯಲಿನಲ್ಲಿ ಸುಟ್ಟುಹೋಗುತ್ತವೆ, ಮರಗಳ ಆಶ್ರಯದಲ್ಲಿ ಮಾತ್ರ ಉಳಿಯುತ್ತವೆ. ಬಿಸಿಲೇರಿದ ಒಂದೆರಡು ಗಂಟೆಯಲ್ಲಿ ಆ ಬಿಳುಪು ಕರಗಿಹೋಗುತ್ತದೆ. ಮಧ್ಯಾಹ್ನಕ್ಕೆ ಬಂದು ಸಂಜೆಗೆ ಹೊರಡುವ ಬಸ್ಸಿನ ಮಕ್ಕಳು ಹಿಮ ಬೀಳುವ ತಿಂಗಳಿನಲ್ಲಿಯೇ ಊಟಿಗೆ ಹೋಗಿ, ಹಿಮವನ್ನು ನೋಡದೆ ಬರುತ್ತಾರೆ.

ಆಂಗ್ಲ ಆಡಳಿತಗಾರರ ಕಣ್ಣಿಗೆ ಹುಲ್ಲು ಪಾಳುಭೂಮಿಯಾಗಿ ಕಂಡಿತು. ಸೌದೆಗೆ ನೀಲಗಿರಿ, ತೊಗಲು ಹದಮಾಡುವ ತೊಗಟೆಗೆ ವಾಟಲ್, ಅನಂತರ ಪೈನ್. ಸ್ವಾತಂತ್ರ್ಯಾನಂತರವೂ ದಶಕಗಳ ಕಾಲ ಅದೇ ದೃಷ್ಟಿ ಮುಂದುವರಿಯಿತು. ಮಲೆನಾಡಿನ ಬ್ಯಾಣ ಮತ್ತು ಬೋಳುಗುಡ್ಡಗಳ ಮೇಲೆ ಅಕೇಶಿಯಾ ಏರಿದುದು ಇದೇ ತರ್ಕದ ತಮ್ಮನೆಂಬುದನ್ನು ಈ ಸಭೆಗೆ ಬಿಡಿಸಿ ಹೇಳಬೇಕಾಗಿಲ್ಲ.

ಇದರಿಂದ ನೀರಿಗೇನಾಯಿತು ಎಂಬುದನ್ನು ಅಳೆದು ನೋಡಿದವರು ಅಲ್ಲಿಯೇ ಇದ್ದಾರೆ. ಉದಕಮಂಡಲದಲ್ಲಿ 1954ರಿಂದ ಮಣ್ಣು ಮತ್ತು ಜಲ ಸಂರಕ್ಷಣೆಯ ಕೇಂದ್ರ ಸರ್ಕಾರಿ ಸಂಶೋಧನಾ ಕೇಂದ್ರವಿದೆ. ಆ ಕೇಂದ್ರದ ವಿಜ್ಞಾನಿಗಳು ಪೈಕಾರಾ ಸಮೀಪದ ಗ್ಲೆನ್‌ಮಾರ್ಗನ್‌ನಲ್ಲಿ ತಲಾ ಸುಮಾರು 32 ಹೆಕ್ಟೇರಿನ ಎರಡು ಪುಟ್ಟ ಕಣಿವೆಗಳನ್ನು ಆರಿಸಿಕೊಂಡರು. ಎರಡರಲ್ಲಿಯೂ ಹುಲ್ಲು, ಶೋಲಾ, ಜವುಗು. ಎರಡರ ಬಾಯಿಗೂ ಅಳತೆಯ ಕಟ್ಟೆ ಕಟ್ಟಿ, ಹರಿಯುವ ನೀರನ್ನು ಮೊದಲು ಕೆಲವು ವರ್ಷ ಸುಮ್ಮನೆ ಅಳೆದರು. 1972ರಲ್ಲಿ ಒಂದು ಕಣಿವೆಯ ಅರ್ಧಕ್ಕಿಂತ ಹೆಚ್ಚು ಭಾಗದಲ್ಲಿ ನೀಲಗಿರಿ ನೆಟ್ಟರು, ಇನ್ನೊಂದನ್ನು ಇದ್ದಂತೆಯೇ ಬಿಟ್ಟರು. ಮೊದಲ ಹತ್ತು ವರ್ಷಗಳಲ್ಲಿ ನೆಟ್ಟ ಕಣಿವೆಯ ಹರಿವು ಸರಾಸರಿ ಶೇಕಡಾ 16ರಷ್ಟು ತಗ್ಗಿತು. ಮರ ಕಡಿದು ಬುಡ ಚಿಗುರಿದ ಎರಡನೆಯ ಆವರ್ತದಲ್ಲಿ ಇಳಿಕೆ ಸುಮಾರು ಶೇಕಡಾ 25ಕ್ಕೆ ಏರಿತು. ಮಳೆಗಾಲ ಮುಗಿದ ಮೇಲೆ ಒರತೆಯಾಗಿ ಜಿನುಗುವ ನೀರು, ಅಂದರೆ ಕೃಷಿಕನಿಗೆ ನಿಜವಾಗಿ ಬೇಕಾದ ಬೇಸಗೆಯ ನೀರು, ಇದಕ್ಕಿಂತಲೂ ಹೆಚ್ಚಿನ ಪ್ರಮಾಣದಲ್ಲಿ ಕುಗ್ಗಿತು.

ಇದು ಒಂದು ಬೆಟ್ಟದ ಮಾತಲ್ಲ. ಪೈಕಾರಾ ಹೊಳೆಯ ನೀರಿನಿಂದ 1932ರಿಂದಲೂ ವಿದ್ಯುತ್ತು ತಯಾರಾಗುತ್ತಿದೆ. ಅದೇ ನೀರು ಕೆಳಗೆ ಮೋಯಾರ್ ನದಿಯಾಗಿ ಭವಾನಿಗೆ, ಭವಾನಿಯಿಂದ ಕಾವೇರಿಗೆ ಸೇರುತ್ತದೆ. ಹಿಂದಿನ ಸಂಜೆ ಬಣ್ಣದ ಕಾರಂಜಿಯಾಗಿ ಕಂಡ ನದಿಗೆ ಈ ಹುಲ್ಲೂ ತನ್ನ ಪಾಲನ್ನು ಸಲ್ಲಿಸುತ್ತಿದೆ. ಬಸ್ಸು ಪೈಕಾರಾದ ದೋಣಿವಿಹಾರಕ್ಕೆ ನಿಲ್ಲುತ್ತದೆ. ಮುಂದೆ ಸಿನಿಮಾ ಹಾಡುಗಳು ಚಿತ್ರೀಕರಣಗೊಂಡ ಇಳಿಜಾರಿನಲ್ಲಿಯೂ ಹದಿನೈದು ನಿಮಿಷ ನಿಲ್ಲುತ್ತದೆ. ಮಾರ್ಗದರ್ಶಿ ನಟನಟಿಯರ ಹೆಸರು ಹೇಳುತ್ತಾನೆ. ಮಕ್ಕಳು ಉರುಳಿ ಆಡುವ ಆ ಇಳಿಜಾರೇ ಅಳಿದುಳಿದ ಮೂಲ ಹುಲ್ಲುಗಾವಲಿನ ಒಂದು ತುಂಡು, ಪಕ್ಕದ ಮಡಿಕೆಯಲ್ಲಿ ಕಪ್ಪಗೆ ಕಾಣುವುದೇ ಶೋಲಾ. ಅವರು ಅದರ ಮೇಲೆಯೇ ನಿಂತಿರುತ್ತಾರೆ, ಹೇಳುವವರು ಮಾತ್ರ ಇರುವುದಿಲ್ಲ.

ಊಟಿಯ ಪೇಟೆಯಲ್ಲಿ ಕಳೆಯುವ ಹೊತ್ತನ್ನು ಬೇಗ ಮುಗಿಸಬಹುದು. 1848ರಲ್ಲಿ ತೊಡಗಿದ ಸಸ್ಯೋದ್ಯಾನಕ್ಕೆ ನಲವತ್ತು ನಿಮಿಷ. ಅದರ ಮೇಲ್ತುದಿಯಲ್ಲಿರುವ ತೋದರ ಮಂದಿನವರೆಗೆ ಯಾರೂ ಹತ್ತುವುದಿಲ್ಲ. ಹುಲ್ಲು ಮರೆಯಾದಂತೆ ಎಮ್ಮೆಗಳನ್ನು ಕಳೆದುಕೊಂಡ ಜನರು ಅವರು. 1820ರ ದಶಕದಲ್ಲಿ ಜಾನ್ ಸುಲ್ಲಿವನ್ ಕಟ್ಟಿಸಿದ ಕೆರೆಯಲ್ಲಿ ದೋಣಿ, 2,637 ಮೀಟರಿನ ದೊಡ್ಡಬೆಟ್ಟದ ಮೇಲೆ ಮಂಜು. ಕೊನೆಗೆ ಚಾಕೊಲೇಟು ಮತ್ತು ನೀಲಗಿರಿ ಎಣ್ಣೆಯ ಅಂಗಡಿಯಲ್ಲಿ ಮುಕ್ಕಾಲು ಗಂಟೆ. ಇಡೀ ಪ್ರವಾಸದಲ್ಲಿ ಮಾರ್ಗದರ್ಶಿ ಅವಸರ ಮಾಡದ ಏಕೈಕ ಸ್ಥಳವಿದು. ಕಾರಣವನ್ನು ಹಿರಿಯರು ಬಲ್ಲರು.

ಪೋಷಕರಲ್ಲಿ ಕೃಷಿಕರಿದ್ದರೆ ಅವರಿಗೊಂದು ಎಚ್ಚರಿಕೆಯ ಮಾತು. ರಸ್ತೆ ಬದಿಯಲ್ಲಿ ಕ್ಯಾರೆಟ್ಟಿನ ಜೊತೆಗೆ ಒಳ್ಳೆಯ ಆಲೂಗಡ್ಡೆಯೂ ಸಿಗುತ್ತದೆ. ತಿನ್ನಲು ತರಲು ಅಡ್ಡಿಯಿಲ್ಲ. ಹಿತ್ತಲಿನಲ್ಲಿ ಹಾಕಿ ನೋಡೋಣವೆಂದು ಬಿತ್ತನೆಗೆ ತರಬಾರದು. ಆಲೂಗಡ್ಡೆಯ ಬೇರನ್ನು ಹಾಳುಮಾಡುವ ಕೋಶದ ಜಂತುಹುಳು ಭಾರತದಲ್ಲಿ ಮೊದಲು ಪತ್ತೆಯಾದುದು 1961ರಲ್ಲಿ, ಊಟಿಯ ಹೊಲಗಳಲ್ಲಿ. ಅದರ ಮೊಟ್ಟೆಗಳಿರುವ ಕೋಶಗಳು ಸಾಸಿವೆಗಿಂತ ಚಿಕ್ಕವು, ಮಣ್ಣಿನಲ್ಲಿ ವರ್ಷಗಟ್ಟಲೆ ಜೀವ ಹಿಡಿದಿರುತ್ತವೆ.

ಈ ಬಸ್ಸನ್ನು ಇನ್ನೊಂದು ತುದಿಯಿಂದಲೂ ನೋಡುವುದು ಮಲೆನಾಡಿಗರಿಗೆ ಸಾಧ್ಯ. ಆಗುಂಬೆಯ ಸೂರ್ಯಾಸ್ತದ ಕಟ್ಟೆಗೆ ಇಂತಹವೇ ಬಸ್ಸುಗಳು ಬರುತ್ತವೆ. ಮೋಡ ಮುಸುಕಿದ ಸಂಜೆ ಜನರು ಇಳಿದು, ಮೂಡಣ ಪಡುವಣವೆಂದು ಹುಡುಕಿ, "ಏನೂ ಕಾಣಲಿಲ್ಲ" ಎನ್ನುತ್ತ ಹತ್ತಿ ಹೋಗುತ್ತಾರೆ. ವರ್ಷಕ್ಕೆ 7,000 ಮಿಲಿಮೀಟರಿಗೂ ಹೆಚ್ಚು ಮಳೆ ಸುರಿಯುವ ಕಾಡಿನ ನಡುವೆ ನಿಂತು ಮೋಡವನ್ನು ದೂರುವುದು! ಜೋಗದಲ್ಲಿಯೂ ಹಾಗೆಯೇ. ಬೇಸಗೆಯಲ್ಲಿ ಬಂದವರು "ನೀರೆಲ್ಲಿ?" ಎಂದು ಕೇಳುತ್ತಾರೆ. 1964ರಲ್ಲಿ ಪೂರ್ಣವಾದ ಲಿಂಗನಮಕ್ಕಿಯ ಕಟ್ಟೆಯನ್ನಾಗಲಿ, ಅದರಡಿ ಮುಳುಗಿದ ಊರುಗಳನ್ನಾಗಲಿ ಅವರಿಗೆ ಯಾರೂ ತೋರಿಸಿರುವುದಿಲ್ಲ. ಆ ಪ್ರವಾಸಿಗರ ಬಗ್ಗೆ ಈ ಊರಿನವರು ಆಡಿಕೊಳ್ಳುವ ಮಾತುಗಳನ್ನೇ ತೋದರೂ ಬಡಗರೂ ಈ ಊರಿನ ಬಸ್ಸಿನ ಬಗ್ಗೆ ಆಡಿಕೊಳ್ಳುತ್ತಿರಬಹುದು.

ನೀಲಗಿರಿಗೆ ಬರುವ ವಾಹನಗಳ ಹೊರೆ ಎಷ್ಟಾಯಿತೆಂದರೆ ಮದ್ರಾಸ್ ಉಚ್ಚ ನ್ಯಾಯಾಲಯದ ಆದೇಶದಂತೆ 2024ರ ಮೇ ತಿಂಗಳಿನಿಂದ ಹೊರಗಿನ ವಾಹನಗಳು ಮುಂಚಿತವಾಗಿ ಇ-ಪಾಸ್ ಪಡೆಯಬೇಕಾಯಿತು. 2025ರ ಬೇಸಗೆಯಲ್ಲಿ ವಾರದ ದಿನಗಳಲ್ಲಿ 6,000, ವಾರಾಂತ್ಯದಲ್ಲಿ 8,000 ವಾಹನಗಳೆಂಬ ಮಿತಿಯನ್ನೂ ನ್ಯಾಯಾಲಯ ಹಾಕಿತು. ಒಂದು ಬೆಟ್ಟ ಎಷ್ಟು ಜನರನ್ನು ತಾಳಿಕೊಳ್ಳಬಲ್ಲುದೆಂದು ನ್ಯಾಯಾಲಯ ಕೇಳುವ ಸ್ಥಿತಿ ಮಲೆನಾಡಿಗೂ ದೂರವಿಲ್ಲ.

ಶಾಲೆಯ ಮುಂದಿರುವ ಪಟ್ಟಿ ಇನ್ನೂ ಪೆನ್ಸಿಲಿನಲ್ಲಿದೆ. ಊಟಿಯ ಕೆರೆಯನ್ನೂ ಎಣ್ಣೆ ಅಂಗಡಿಯನ್ನೂ ಬಿಟ್ಟರೆ ಸುಮಾರು ಎರಡು ಗಂಟೆ ಉಳಿಯುತ್ತದೆ. ಆ ಎರಡು ಗಂಟೆಯನ್ನು ಪೈಕಾರಾ ರಸ್ತೆಯ ಹುಲ್ಲಿನ ಇಳಿಜಾರಿಗೆ ಕೊಡಬಹುದು. ಅಲ್ಲಿಯೇ ಒಂದು ರಾತ್ರಿ ತಂಗಿದರೆ ಬೆಳಗಿನ ಹಿಮವೂ ಕಾಣುತ್ತದೆ, ಗೇಟಿನ ಅವಸರವೂ ತಪ್ಪುತ್ತದೆ. ಆದರೆ ತಲೆವಾರು ಖರ್ಚು ಏರುತ್ತದೆ, ಅಥವಾ ಮೈಸೂರಿನಲ್ಲಿ ಏನನ್ನಾದರೂ ಕೈಬಿಡಬೇಕಾಗುತ್ತದೆ. ಮೃಗಾಲಯವನ್ನು ಬಿಡಲು ಎಂಟನೆಯ ತರಗತಿಯವರು ಒಪ್ಪಲಾರರು. ಕಾರಂಜಿಯ ಬಗ್ಗೆ ಕೇಳಿ ನೋಡಬಹುದು. ಏನೇ ತೀರ್ಮಾನವಾದರೂ ಬಸ್ಸಿನ ಮಾಲೀಕರೊಂದಿಗಿನ ಕರಾರಿನಲ್ಲಿ ಆ ನಿಲುಗಡೆಯನ್ನು ಮೊದಲೇ ಬರೆಸಿಕೊಳ್ಳುವುದು ಒಳ್ಳೆಯದು. ದಾರಿಯಲ್ಲಿ ಕೇಳಿದರೆ ಚಾಲಕ ಗಡಿಯಾರ ತೋರಿಸುತ್ತಾನೆ. ತಂಗುವುದಾದರೆ ಪ್ರತಿ ಮಗುವಿಗೂ ಸ್ವೆಟರು, ಕಿವಿ ಮುಚ್ಚುವ ಟೋಪಿ ಬೇಕು. ಮನೆಯಲ್ಲಿ ಇಲ್ಲದವರಿಗೆ ಊರಿನಲ್ಲಿಯೇ ಕೂಡಿಸಿಕೊಡುವ ಏರ್ಪಾಡು ಈ ಸಭೆಯಲ್ಲಿಯೇ ಆಗಲಿ.