ಕೂಗಿದಾಗ ಓಗೊಡುವವರಿಲ್ಲದ ಮೇಲ್ಮನವಿ



ತಲಾಕ್‌ನ ಕುರಿತು ನಮ್ಮ ವೇದಿಕೆಗಳಲ್ಲಿ ಬೇಕಾದಷ್ಟು ಮಾತುಗಳಾಗಿವೆ. 2017ರ ಸುಪ್ರೀಂ ಕೋರ್ಟ್ ತೀರ್ಪು ಮತ್ತು 2019ರ ಕಾನೂನಿನ ಬಳಿಕವಂತೂ ಟಿ.ವಿ. ಚರ್ಚೆಗಳಿಗೆ ಬೇರೆ ವಿಷಯವೇ ಇರಲಿಲ್ಲ. ಅವರಿಗೆ ಉತ್ತರಿಸುವ ಭರದಲ್ಲಿ ನಾವು ಒಂದನ್ನು ಮರೆತೆವು. ನ್ಯಾಯಾಲಯದ ಮೆಟ್ಟಿಲೇರಿದ ಹೆಣ್ಣುಮಗಳ ಮೇಲ್ಮನವಿ, ವಾದವೇ ನಡೆಯದೆ, ಬರೀ ಗೈರುಹಾಜರಿಯಿಂದ ವಜಾ ಆಗಬಹುದು.

ಗಂಡ ನಾಲ್ಕು ವರ್ಷ ನಾಪತ್ತೆಯಾದರೆ ಅಥವಾ ಎರಡು ವರ್ಷ ಜೀವನಾಂಶ ಕೊಡದಿದ್ದರೆ ವಿವಾಹ ರದ್ದತಿ ಕೋರುವ ಹಕ್ಕನ್ನು 1939ರ ಮುಸ್ಲಿಮ್ ವಿವಾಹ ವಿಸರ್ಜನಾ ಕಾಯ್ದೆ ಮುಸ್ಲಿಮ್ ಸ್ತ್ರೀಗೆ ನೀಡಿತು. ಹನಫೀ ಫಿಕ್ಹ್‌ನಲ್ಲಿದ್ದ ಇಕ್ಕಟ್ಟನ್ನು ಮಾಲಿಕೀ ಮತದ ನೆರವಿನಿಂದ ಬಿಡಿಸಲು ಮೌಲಾನಾ ಅಶ್ರಫ್ ಅಲಿ ಥಾನವಿಯಂತಹ ಉಲಮಾ ಅದಕ್ಕೆ ಮೊದಲೇ ಶ್ರಮಿಸಿದ್ದರು. ಅಷ್ಟು ಕಷ್ಟದಿಂದ ದೊರೆತ ಹಕ್ಕು ಒಂದು ತಾರೀಖಿನ ಮರೆವಿನಲ್ಲಿ ಕಳೆದುಹೋಗಬೇಕೇ?

ಕುಟುಂಬ ನ್ಯಾಯಾಲಯದ ತೀರ್ಪಿನ ವಿರುದ್ಧ 30 ದಿನಗಳೊಳಗೆ ಹೈಕೋರ್ಟಿಗೆ ಹೋಗಬಹುದು. ವಿಚಾರಣೆಯ ದಿನ ಮೇಲ್ಮನವಿದಾರರೂ ಅವರ ವಕೀಲರೂ ಇಲ್ಲವಾದರೆ, ಸಿವಿಲ್ ಪ್ರಕ್ರಿಯಾ ಸಂಹಿತೆಯ 41ನೇ ಆದೇಶದ 17ನೇ ನಿಯಮದಂತೆ ಅದನ್ನು ವಜಾ ಮಾಡಬಹುದು. ಯಾರದು ಸರಿ, ಯಾರದು ತಪ್ಪು ಎಂಬ ತೀರ್ಮಾನ ಅದರಲ್ಲಿರುವುದಿಲ್ಲ. ಹಾಗೆ ತೀರ್ಮಾನಿಸುವುದನ್ನು ಅದೇ ನಿಯಮದ ವಿವರಣೆ ತಡೆಯುತ್ತದೆ. ಆದರೆ ಕೆಳಗಿನ ತೀರ್ಪು ಉಳಿದುಬಿಡುತ್ತದೆ. ಕೆಳಗೆ ಸೋತವಳು ತನ್ನನ್ನು ತೊರೆದವನ ಹೆಂಡತಿಯಾಗಿಯೇ ಉಳಿಯುತ್ತಾಳೆ. ಇನ್ನು ಗಂಡನೇ ಮೇಲ್ಮನವಿ ಹಾಕಿ ಮಾಯವಾದರೆ? ಮೇಲ್ಮನವಿ ಹಾಕಿದ ಮಾತ್ರಕ್ಕೆ ಕೆಳಗಿನ ತೀರ್ಪಿಗೆ ತಡೆಯಾಗುವುದಿಲ್ಲ. ಆದರೂ ಕೇಸು ಬಾಕಿಯಿದೆಯೆಂದು ಹೆದರಿ ಅವಳ ಮರುನಿಕಾಹ್‌ಗೆ ಯಾರೂ ಮುಂದಾಗುವುದಿಲ್ಲ. ಹೆಂಡತಿಯನ್ನು ಅತ್ತ ಸಂಸಾರವೂ ಇಲ್ಲದೆ, ಇತ್ತ ಬಿಡುಗಡೆಯೂ ಇಲ್ಲದೆ ತೂಗುಬಿಡುವುದನ್ನು ಸೂರಃ ಅನ್ನಿಸಾ ತಡೆದಿದೆಯೆಂಬುದನ್ನು ಇಲ್ಲಿರುವ ಉಲಮಾಗಳಿಗೆ ನಾನು ಹೇಳಬೇಕಾಗಿಲ್ಲ.

ಹಿಂದೆ ನಮ್ಮ ಭಾಗದವರಿಗೆ ದೂರದ ನೆಪವಿತ್ತು. ಹೈಕೋರ್ಟೆಂದರೆ ಆರುನೂರು ಕಿಲೋಮೀಟರ್ ಆಚೆಯ ಬೆಂಗಳೂರು. 2008ರ ಜುಲೈಯಲ್ಲಿ ಗುಲ್ಬರ್ಗಕ್ಕೆ ಸಂಚಾರಿ ಪೀಠ ಬಂತು. 2013ರಲ್ಲಿ ಅದು ಕಾಯಂ ಆಯಿತು. ಕಡಗಂಚಿಯಿಂದ ಬೆಳಗಿನ ಬಸ್ಸು ಹತ್ತಿದವರು ಕಲಾಪ ಆರಂಭವಾಗುವ ಮೊದಲೇ ಕಲಬುರಗಿ ಸೇರುತ್ತಾರೆ. ಆದರೂ ಗೈರಾಗುವುದೇಕೆ? ದುಡಿಯಲು ಪುಣೆ, ಮುಂಬಯಿಗೆ ಹೋದವರಿಗೆ ನೋಟಿಸು ತಲುಪುವುದಿಲ್ಲ. ವಕೀಲರಿಗೆ ಕೊಡಬೇಕಾದ ಹಣ ಉಳಿದಿರುತ್ತದೆ. ಅಣ್ಣನಿಗೆ ಬಿಡುವಿದ್ದರೆ ಮಾತ್ರ ತಂಗಿಗೆ ತಾರೀಖು. ಕೆಲವೊಮ್ಮೆ ಗಂಡ ಹೆಂಡಿರು ರಾಜಿಯಾಗಿ ಒಂದಾಗಿರುತ್ತಾರೆ. ಕೋರ್ಟಿಗೆ ತಿಳಿಸುವುದನ್ನು ಮಾತ್ರ ಮರೆತಿರುತ್ತಾರೆ. ಅಂತಹ ವಜಾ ಸಂತೋಷದ್ದೇ, ಬಿಡಿ!

ಪ್ರತಿ ತಾರೀಖಿಗೂ ಹೆಣ್ಣುಮಗಳೇ ನಿಲ್ಲಬೇಕೆಂದು ಹಲವರು ತಿಳಿದಿದ್ದಾರೆ. ನ್ಯಾಯಪೀಠ ಖುದ್ದು ಬರಹೇಳದ ಹೊರತು ಮೇಲ್ಮನವಿಯಲ್ಲಿ ವಕೀಲರ ಹಾಜರಿ ಸಾಕು. ವಜಾ ಆದರೂ ಬಾಗಿಲು ಪೂರ್ತಿ ಮುಚ್ಚಿಲ್ಲ. 30 ದಿನಗಳೊಳಗೆ, ಬರಲಾಗದ್ದಕ್ಕೆ ತಕ್ಕ ಕಾರಣ ತೋರಿಸಿ, ಮೇಲ್ಮನವಿಯನ್ನು ಮರಳಿ ದಾಖಲು ಮಾಡಿಕೊಳ್ಳಲು ಅರ್ಜಿ ಹಾಕಬಹುದು. ತಡವಾದರೆ ತಡಕ್ಕೂ ಕಾರಣ ಹೇಳಬೇಕು. 1981ರಲ್ಲಿ ರಫೀಕ್ ವಿರುದ್ಧ ಮುನ್ಷಿಲಾಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ವಕೀಲರು ಬಾರದ್ದಕ್ಕೆ ನಿರಪರಾಧಿ ಕಕ್ಷಿದಾರ ನಷ್ಟ ಅನುಭವಿಸಬಾರದೆಂದು ಮೇಲ್ಮನವಿಯನ್ನು ಮತ್ತೆ ವಿಚಾರಣೆಗೆ ಕಳಿಸಿತು. ಅದು ವಿಚ್ಛೇದನದ ಪ್ರಕರಣವಲ್ಲ, ಎಲ್ಲ ನಿರ್ಲಕ್ಷ್ಯಕ್ಕೂ ರಕ್ಷೆಯೂ ಅಲ್ಲ. ವಕೀಲರಿಗೆ ಕೊಡಲು ಹಣವಿಲ್ಲವೇ? 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯಂತೆ ಮಹಿಳೆಗೆ, ಅವಳ ಆದಾಯ ಎಷ್ಟೇ ಇರಲಿ, ಉಚಿತ ನೆರವು ಸಿಗುತ್ತದೆ. ಮುಂದಿನ ತಾರೀಖನ್ನು ಇಂದು ಮೊಬೈಲಿನಲ್ಲೇ ನೋಡಬಹುದು.

ಜಮಾಅತ್‌ನ ಜವಾಬ್ದಾರರಲ್ಲಿ ನನ್ನ ಕೋರಿಕೆ ಇಷ್ಟೆ. ನಿಕಾಹ್‌ನ ದಫ್ತರು ಪ್ರತಿ ಮಸೀದಿಯಲ್ಲೂ ಇದೆ. ಅದರ ಪಕ್ಕದಲ್ಲಿ ಇನ್ನೊಂದು ಪುಸ್ತಕವಿಡಿ. ಮೊಹಲ್ಲಾದ ಯಾವ ಮಗಳ ಕೇಸು ಎಲ್ಲಿದೆ, ಸಂಖ್ಯೆ ಏನು, ವಕೀಲರು ಯಾರು, ಮುಂದಿನ ತಾರೀಖು ಯಾವುದು ಎಂದು ಬರೆದಿಡಿ. ಆ ದಿನ ಅವಳ ಅಣ್ಣನಿಗೆ ಬಿಡುವಿಲ್ಲದಿದ್ದರೆ, ಕಲಬುರಗಿಯ ಬಸ್ಸಿಗೆ ಜೊತೆಯಾಗಲು ಮೊಹಲ್ಲಾದ ಇಬ್ಬರು ಹಿರಿಯ ಹೆಂಗಸರನ್ನು ಮೊದಲೇ ಗೊತ್ತುಮಾಡಿಡಿ.