ಗೋಡೆಯ ಮೇಲಿನ ಕೆಂಪು ಗೀಟು

ರಸ್ತೆ ಅಗಲವಾಗುತ್ತದೆ ಅನ್ನುವ ಸುದ್ದಿ ಮೊದಲು ಮುಟ್ಟುವುದು ಊರಿನ ಚಹಾದಂಗಡಿಗೆ. ಆಮೇಲೊಂದು ದಿನ ಟೇಪು ಹಿಡಿದವರು ಬರುತ್ತಾರೆ, ಅಳೆಯುತ್ತಾರೆ, ಗೋಡೆಯ ಮೇಲೆ ಕೆಂಪು ಬಣ್ಣದಲ್ಲೊಂದು ಗೀಟು ಎಳೆದು ಹೋಗುತ್ತಾರೆ. ಅಂದಿನಿಂದ ಆ ಮನೆಯವರಿಗೆ ನಿದ್ದೆಯಿಲ್ಲ. ‘ಸರ್ಕಾರವೇ ಮನಸ್ಸು ಮಾಡಿದ ಮೇಲೆ ನಮ್ಮದೇನು ನಡೆಯುತ್ತೆ?’ ಎಂದು ಕೈಚೆಲ್ಲಿ ಕೂರುವವರೇ ಹೆಚ್ಚು. ನಡೆಯುವುದು ಬಹಳವಿದೆ. ಆದರೆ ಅದಕ್ಕೆಲ್ಲ ದಿನದ ಲೆಕ್ಕವಿದೆ.

ಆಸ್ತಿಯ ಹಕ್ಕು ಸಂವಿಧಾನದ 44ನೇ ತಿದ್ದುಪಡಿಯ ನಂತರ ಮೂಲಭೂತ ಹಕ್ಕಾಗಿ ಉಳಿದಿಲ್ಲ, ನಿಜ. ಆದರೂ 300ಎ ವಿಧಿ ಇದೆ. ಕಾನೂನಿನ ಬಲವಿಲ್ಲದೆ ಯಾರ ಆಸ್ತಿಯನ್ನೂ ಕಿತ್ತುಕೊಳ್ಳುವಂತಿಲ್ಲ ಎನ್ನುತ್ತದೆ ಅದು. ಬ್ರಿಟಿಷರ ಕಾಲದ 1894ರ ಕಾಯ್ದೆ ಹೋಗಿ, 2013ರ ಭೂಸ್ವಾಧೀನ ಕಾಯ್ದೆ 2014ರ ಜನವರಿ 1ರಿಂದ ಜಾರಿಯಲ್ಲಿದೆ.

ಈ ಕಾಯ್ದೆಯಡಿ ಪ್ರಾಥಮಿಕ ಅಧಿಸೂಚನೆ ಹೊರಟ ಮೇಲೆ ಸರ್ವೆಗೆ ಬರುವವರು ನಿಮ್ಮ ಒಪ್ಪಿಗೆಯಿಲ್ಲದೆ ಮನೆಯೊಳಕ್ಕೋ ಮನೆಗೆ ಸೇರಿದ ಹಿತ್ತಲಿಗೋ ಕಾಲಿಡಬೇಕಾದರೆ ಕನಿಷ್ಠ 7 ದಿನ ಮುಂಚೆ ಲಿಖಿತ ಸೂಚನೆ ಕೊಟ್ಟಿರಬೇಕು. ಅಧಿಸೂಚನೆ ಗೆಜೆಟ್‌ನಲ್ಲಿ, ಪತ್ರಿಕೆಗಳಲ್ಲಿ, ಪಂಚಾಯ್ತಿ ಅಥವಾ ಪುರಸಭೆಯಲ್ಲಿ ಕನ್ನಡದಲ್ಲೇ ಪ್ರಕಟವಾಗಬೇಕು. ಅದು ಪ್ರಕಟವಾದ ಮೇಲೆ ಆಕ್ಷೇಪಣೆಗೆ 60 ದಿನ ಸಿಗುತ್ತದೆ. ರಾಷ್ಟ್ರೀಯ ಹೆದ್ದಾರಿಯಾದರೆ ಬೇರೆ ಕಾಯ್ದೆ, ಅಲ್ಲಿ ಸಿಗುವುದು ಬರೀ 21 ದಿನ. ಈ ಜಮೀನು ಯೋಜನೆಗೆ ಬೇಕೇ, ಅಳತೆ ಸರಿಯೇ, ಪಕ್ಕದ ಖಾಲಿ ಜಾಗ ಆಗುವುದಿಲ್ಲವೇ ಎಂಬುದನ್ನೆಲ್ಲ ಬರೆದು ಕೊಡಿ, ಸ್ವೀಕೃತಿ ಪಡೆಯಿರಿ. ಬಾಯಲ್ಲಿ ಹೇಳಿ ಬಂದ ಮಾತಿಗೆ ಮುಂದೆ ಸಾಕ್ಷಿಯಿರುವುದಿಲ್ಲ.

ಈಗ ಆ ಕೆಂಪು ಗೀಟಿನ ಮಾತಿಗೆ ಬರುತ್ತೇನೆ. ಗೀಟು ನಡುಮನೆಯ ಮಧ್ಯದಲ್ಲೇ ಹಾದುಹೋದರೆ? ಜಗುಲಿ ಮತ್ತು ನಡುಮನೆ ರಸ್ತೆಗೆ, ಅಡುಗೆಮನೆ ನಿಮಗೆ! ಅಂಥ ಅರ್ಧ ಮನೆಯಲ್ಲಿ ಬಾಳುವುದು ಹೇಗೆ? ಕಾಯ್ದೆಯ 94ನೇ ಕಲಂ ಇರುವುದೇ ಇದಕ್ಕೆ. ತೆಗೆದುಕೊಳ್ಳುವುದಾದರೆ ಇಡೀ ಮನೆಯನ್ನು ತೆಗೆದುಕೊಳ್ಳಿ ಎಂದು ಮಾಲೀಕರು ಕೇಳಿದರೆ, ಒಂದು ಭಾಗವನ್ನಷ್ಟೇ ಸ್ವಾಧೀನ ಮಾಡುವಂತಿಲ್ಲ. ಮನೆ ಇರುವವರಿಗೆ ಈ ಕಾಯ್ದೆಯಲ್ಲಿ ಇದಕ್ಕಿಂತ ಹತ್ತಿರದ ಕಲಂ ಇನ್ನೊಂದಿಲ್ಲ ಎಂದು ನನಗನ್ನಿಸುತ್ತದೆ. ಆದರೆ ಕೇಳಬೇಕು, ಅದೂ ಪರಿಹಾರ ನಿಗದಿ ಮಾಡುವ ಐತೀರ್ಪು ಹೊರಬೀಳುವ ಮೊದಲೇ ಬರೆದು ಕೇಳಬೇಕು.

ಪರಿಹಾರದ ಲೆಕ್ಕ ಹೀಗೆ. ಪಟ್ಟಣದ ಒಂದು ನಿವೇಶನದ ಬೆಲೆ 20 ಲಕ್ಷ, ಮೇಲಿನ ಕಟ್ಟಡದ ಬೆಲೆ 10 ಲಕ್ಷ ಎನ್ನೋಣ. ಒಟ್ಟು 30 ಲಕ್ಷ. ಅದಕ್ಕೆ ಸೋಲೇಷಿಯಂ, ಅಂದರೆ ಸಮಾಧಾನ ಧನ ಎಂದು ಮತ್ತೆ ಅಷ್ಟೇ ಸೇರುತ್ತದೆ, 60 ಲಕ್ಷವಾಯಿತು. ಇದರ ಮೇಲೆ ನೆಲದ ಬೆಲೆಗೆ ವರ್ಷಕ್ಕೆ ಶೇಕಡಾ 12ರಂತೆ ಹೆಚ್ಚುವರಿ ಮೊತ್ತ. ಹಳ್ಳಿಯಾದರೆ ಪಟ್ಟಣಕ್ಕಿರುವ ದೂರ ನೋಡಿ ನೆಲದ ಬೆಲೆಯನ್ನೇ ಎರಡು ಪಟ್ಟಿನವರೆಗೆ ಏರಿಸಬಹುದು. ನೆಲದ ಬೆಲೆ ಕಟ್ಟುವಾಗ ಮಾರ್ಗಸೂಚಿ ದರವೊಂದನ್ನೇ ನೋಡಿದರೆ ಸಾಲದು. ಹಿಂದಿನ ಮೂರು ವರ್ಷಗಳಲ್ಲಿ ಸುತ್ತಮುತ್ತ ನೋಂದಣಿಯಾದ ಕ್ರಯಪತ್ರಗಳಲ್ಲಿ ಹೆಚ್ಚು ಬೆಲೆಯ ಅರ್ಧದಷ್ಟು ಪತ್ರಗಳನ್ನು ಆರಿಸಿ ಸರಾಸರಿ ತೆಗೆಯಬೇಕು, ಎರಡರಲ್ಲಿ ಯಾವುದು ಹೆಚ್ಚೋ ಅದನ್ನು ಹಿಡಿಯಬೇಕು. ಪರಿಹಾರವನ್ನು ಪೂರ್ತಿ ಕೊಡದೆ ಜಾಗದ ಸ್ವಾಧೀನ ಪಡೆಯುವಂತಿಲ್ಲ.

ಹಣ ಕಡಿಮೆಯಾಯಿತು ಅನಿಸಿದರೂ ಚೆಕ್ ಬೇಡವೆಂದು ಹಿಂದಿರುಗಿಸಬೇಕಾಗಿಲ್ಲ. ತೆಗೆದುಕೊಳ್ಳಿ, ಆದರೆ ಸಹಿ ಮಾಡುವಾಗ ‘ಮೊತ್ತಕ್ಕೆ ನನ್ನ ಆಕ್ಷೇಪಣೆಯನ್ನು ಉಳಿಸಿಕೊಂಡು ಪಡೆದಿದ್ದೇನೆ’ ಎಂದು ಬರೆಯಿರಿ. ಈ ಒಂದು ಸಾಲು ಬರೆಯದೆ ಹಣ ಪಡೆದವರಿಗೆ ಹೆಚ್ಚಿನ ಪರಿಹಾರ ಕೇಳುವ ಬಾಗಿಲೇ ಮುಚ್ಚಿಹೋಗುತ್ತದೆ. ಐತೀರ್ಪಿನ ದಿನ ನೀವು ಹಾಜರಿದ್ದರೆ, ಅಂದಿನಿಂದ ಆರು ವಾರದೊಳಗೆ ಅರ್ಜಿ ಹಾಕಬೇಕು.

ಇಂಥ ಹೋರಾಟ ಎಷ್ಟು ಕಾಲ ಎಳೆಯಬಹುದು ನೋಡಿ. ಬೆಂಗಳೂರು–ಮೈಸೂರು ಕಾರಿಡಾರ್ ಯೋಜನೆಗೆ ನಿವೇಶನ ಕಳೆದುಕೊಂಡ ಕೆಲವರು ಸುಪ್ರೀಂ ಕೋರ್ಟಿನವರೆಗೂ ಹೋದರು. ಪ್ರಾಥಮಿಕ ಅಧಿಸೂಚನೆ 2003ರದು, ಐತೀರ್ಪು ಬಂದದ್ದು 2019ರಲ್ಲಿ. 2025ರ ಜನವರಿ 2ರಂದು ಕೋರ್ಟು 2019ರ ಏಪ್ರಿಲ್ 22ರ ಮಾರುಕಟ್ಟೆ ಬೆಲೆಯಂತೆ ಪರಿಹಾರ ನಿಗದಿ ಮಾಡಲು ಆದೇಶಿಸಿತು. ಗೆದ್ದರು ಎನ್ನಬೇಕು. ಆದರೆ ಇಪ್ಪತ್ತೆರಡು ವರ್ಷ ಎಂದರೆ ಮಗುವಾಗಿದ್ದವರು ಮದುವೆಯ ವಯಸ್ಸಿಗೆ ಬರುವಷ್ಟು ಕಾಲ, ಅದು ನನ್ನನ್ನು ಕಾಡುತ್ತದೆ.

ಇನ್ನೊಂದು ಮಾತು. ನೋಟಿಸು ಬರುವುದು ದಾಖಲೆಯಲ್ಲಿರುವ ಹೆಸರಿಗೆ. ಖಾತೆ ಇನ್ನೂ ತೀರಿಕೊಂಡ ತಂದೆಯ ಹೆಸರಿನಲ್ಲೇ ಇದ್ದರೆ, ನೋಟಿಸೂ ಅವರ ಹೆಸರಿಗೇ ಬರುತ್ತದೆ, ಆ 60 ದಿನಗಳು ಮಾತ್ರ ಯಾರಿಗೂ ಕಾಯುವುದಿಲ್ಲ. ತೀರಿಕೊಂಡವರ ಖಾತೆಯನ್ನು ವಾರಸುದಾರರ ಹೆಸರಿಗೆ ಮಾಡಿಸುವ ಪೌತಿ ಖಾತೆಯ ಅರ್ಜಿ ಬಾಕಿ ಇದ್ದವರು ಈ ವಾರವೇ ಗ್ರಾಮ ಪಂಚಾಯ್ತಿಗೋ ನಾಡಕಚೇರಿಗೋ ಒಮ್ಮೆ ಹೋಗಿ ಬನ್ನಿ, ಮರಣ ಪ್ರಮಾಣಪತ್ರ ಮತ್ತು ವಂಶವೃಕ್ಷ ಜೊತೆಗಿರಲಿ.