ಚಳಿಯೇ ಕಾವಲಾಗಿದ್ದ ಕಾಡು



ಕೊರೆಯುವ ಚಳಿಯ ನಾಡು ತುಸು ಬೆಚ್ಚಗಾದರೆ ಅಲ್ಲಿನ ಮರಗಳಿಗೆ ಒಳಿತೇ ಅಲ್ಲವೇ ಎಂದು ವಿದ್ಯಾರ್ಥಿಗಳು ಆಗಾಗ ಕೇಳುತ್ತಾರೆ. ಸಹಜವಾದ ಪ್ರಶ್ನೆ. ಉತ್ತರಕ್ಕಾಗಿ ಇಂದು ನಾವು ಮಲೆನಾಡನ್ನು ಬಿಟ್ಟು ಬಹುದೂರ ಹೋಗಬೇಕು.

ಅಲಾಸ್ಕಾ, ಕೆನಡಾ, ಸ್ಕ್ಯಾಂಡಿನೇವಿಯಾ, ಸೈಬೀರಿಯಾಗಳ ಮೂಲಕ ಭೂಗೋಳದ ನೆತ್ತಿಯ ಸುತ್ತ ಮುಂಡಾಸಿನಂತೆ ಸುತ್ತಿಕೊಂಡಿರುವ ಕಾಡೊಂದಿದೆ. ಬೋರಿಯಲ್ ಅರಣ್ಯ ಅಥವಾ ಟೈಗಾ ಎಂದು ಅದರ ಹೆಸರು. ಜಗತ್ತಿನ ಅರಣ್ಯದಲ್ಲಿ ಕಾಲುಭಾಗಕ್ಕೂ ಮಿಗಿಲಾದುದು ಅಲ್ಲಿದೆ. ಸ್ಪ್ರೂಸ್, ಫರ್, ಪೈನ್, ಲಾರ್ಚ್ ಮುಂತಾದ ಕೆಲವೇ ಜಾತಿಯ ಸೂಜಿಯೆಲೆಯ ಮರಗಳು. ನಮ್ಮ ಒಂದು ಕಾನಿನಲ್ಲಿ ಕಾಣುವ ವೈವಿಧ್ಯ ಅಲ್ಲಿ ದಿನಗಟ್ಟಲೆ ನಡೆದರೂ ಕಾಣದು. ಸೈಬೀರಿಯಾದ ವೆರ್ಖೊಯಾನ್ಸ್ಕ್ ಎಂಬ ಊರಿನಲ್ಲಿ 1892ರಲ್ಲಿ ಮೈನಸ್ 67.8 ಡಿಗ್ರಿ ಸೆಲ್ಷಿಯಸ್ ದಾಖಲಾಗಿತ್ತು. ಅದೇ ಊರಿನಲ್ಲಿ 2020ರ ಜೂನ್ 20ರಂದು ಉಷ್ಣತೆ 38 ಡಿಗ್ರಿಗೆ ಏರಿತು.

ನಮ್ಮ ಬೆಟ್ಟದ ದರಗು ಒಂದೆರಡು ಮಳೆಗಾಲದಲ್ಲಿ ಕೊಳೆತು ಮಣ್ಣಾಗುತ್ತದೆ. ಅಲ್ಲಿ ಚಳಿಯು ಕೊಳೆಯಗೊಡುವುದಿಲ್ಲ. ಪಾಚಿ, ಎಲೆ, ಬೇರುಗಳು ಸಾವಿರಾರು ವರ್ಷಗಳಿಂದ ಪದರಪದರವಾಗಿ ಕೂಡಿಕೊಂಡು ಬಂದಿವೆ. ಮರಗಳಲ್ಲಿ ಇರುವುದಕ್ಕಿಂತ ಹೆಚ್ಚು ಇಂಗಾಲ ಆ ನೆಲದೊಳಗಿದೆ. ಅನೇಕ ಕಡೆಗಳಲ್ಲಿ ಅದರಡಿಯ ನೆಲ ಬೇಸಿಗೆಯಲ್ಲಿಯೂ ಹೆಪ್ಪುಗಟ್ಟಿಯೇ ಇರುತ್ತದೆ. ಅದು ಕರಗಿದಲ್ಲಿ ಬೇರಿನ ಹಿಡಿತ ಸಡಿಲಗೊಂಡು ಮರಗಳು ಕುಡಿದವರಂತೆ ಅತ್ತಿತ್ತ ವಾಲಿ ನಿಲ್ಲುತ್ತವೆ.

ಚಳಿಯ ಇನ್ನೊಂದು ಕೆಲಸವಿದೆ; ಕೃಷಿ ಕೀಟಗಳೊಡನೆ ಹೆಣಗುವ ನನಗೆ ಅದೇ ಹೆಚ್ಚು ಕಾಡುವ ಸಂಗತಿ. ಪಶ್ಚಿಮ ಕೆನಡಾದ ಪೈನ್ ಮರಗಳಲ್ಲಿ ಅಕ್ಕಿಕಾಳಿನ ಗಾತ್ರದ ದುಂಬಿಯೊಂದಿದೆ. ಕಾಂಡಕೊರಕವನ್ನು ಕಂಡ ಕಾಫಿ ಬೆಳೆಗಾರರಿಗೆ ಅದರ ರೀತಿ ಹೊಸದಲ್ಲ. ತೊಗಟೆಯಡಿ ಕೊರೆದು ಮೊಟ್ಟೆಯಿಡುತ್ತದೆ. ಜೊತೆಯಲ್ಲಿ ತಂದ ಶಿಲೀಂಧ್ರವು ಮರದ ನೀರಿನ ದಾರಿಯನ್ನು ಕಟ್ಟುತ್ತದೆ. ಚಳಿಗಾಲದಲ್ಲಿ ಇದರ ಮರಿಹುಳುಗಳು ಮೈಯಲ್ಲಿ ಗ್ಲಿಸರಾಲ್ ತುಂಬಿಕೊಂಡು ಬದುಕುಳಿಯುತ್ತವೆ. ಆದರೆ ಮೈನಸ್ 40 ಡಿಗ್ರಿಯ ಆಸುಪಾಸಿನ ಚಳಿ ಕೆಲವು ದಿನ ನಿಂತರೆ ಬಹುಪಾಲು ಸಾಯುತ್ತವೆ. ಅಂತಹ ಚಳಿ ಅಪರೂಪವಾಗುತ್ತಾ ಬಂದುದರಿಂದ 1990ರ ದಶಕದ ಬಳಿಕ ಬ್ರಿಟಿಷ್ ಕೊಲಂಬಿಯಾ ಪ್ರಾಂತದಲ್ಲಿ ಸುಮಾರು 1.8 ಕೋಟಿ ಹೆಕ್ಟೇರ್ ಕಾಡು ಇದರ ಹಾವಳಿಗೆ ತುತ್ತಾಯಿತು. ಬೆಂಕಿಯನ್ನು ದಶಕಗಳ ಕಾಲ ತಡೆದು ಒಂದೇ ಜಾತಿಯ ಮುದಿ ಮರಗಳನ್ನು ಒತ್ತಾಗಿ ಉಳಿಸಿದ್ದೂ ಕಾರಣವೆಂಬುದನ್ನು ಮರೆಯಬಾರದು. 2006ರಲ್ಲಿ ದುಂಬಿಗಳು ಗಾಳಿಯೊಡನೆ ರಾಕಿ ಪರ್ವತಗಳನ್ನು ದಾಟಿ ಆಲ್ಬರ್ಟಾಕ್ಕೆ ಭಾರಿ ಸಂಖ್ಯೆಯಲ್ಲಿ ಬಂದವು; ಮುಂದೆ ಬೋರಿಯಲ್ ಕಾಡಿನ ಜ್ಯಾಕ್ ಪೈನ್ ಮರಗಳನ್ನೂ ಹೊಕ್ಕವು. 2019ರ ನಂತರ ಅಲ್ಲಿ ಅವು ಕುಗ್ಗಿದವು. ಕುಗ್ಗಿಸಿದ್ದು ಮುಖ್ಯವಾಗಿ ಕೀಟನಾಶಕವಲ್ಲ, ಕೆಲವು ಕಠಿಣ ಚಳಿಗಾಲಗಳು.

ಬೆಚ್ಚಗಾದುದರಿಂದ ಬೆಳವಣಿಗೆಯ ಅವಧಿ ಹೆಚ್ಚಿದೆ. ಕೆಲವೆಡೆ ಮರಗಳು ಚೆನ್ನಾಗಿಯೇ ಬೆಳೆಯುತ್ತಿವೆ. ಆ ಮಟ್ಟಿಗೆ ವಿದ್ಯಾರ್ಥಿಗಳ ಊಹೆ ಸರಿ. ಆದರೆ ನೆಲ ಒಣಗುವುದೂ ಅದರ ಜೊತೆಗೇ ಬರುತ್ತದೆ. 2023ರಲ್ಲಿ ಕೆನಡಾದಲ್ಲಿ ಸುಮಾರು 1.5 ಕೋಟಿ ಹೆಕ್ಟೇರ್ ಸುಟ್ಟುಹೋಯಿತು. ಆ ಐದು ತಿಂಗಳಲ್ಲಿ ಹೊರಬಿದ್ದ ಇಂಗಾಲ ಸುಮಾರು 65 ಕೋಟಿ ಟನ್. ಕಲ್ಲಿದ್ದಲು, ಎಣ್ಣೆ, ಅನಿಲಗಳಿಂದ ಒಂದು ವರ್ಷದಲ್ಲಿ ಅದಕ್ಕಿಂತ ಹೆಚ್ಚು ಹೊರಬಿಡುವ ದೇಶಗಳು ಚೀನಾ, ಅಮೆರಿಕ ಮತ್ತು ನಮ್ಮ ಭಾರತ ಮಾತ್ರ.

ಬೆಂಕಿ ಆ ಕಾಡಿಗೆ ಹೊಸದಲ್ಲ. ಜ್ಯಾಕ್ ಪೈನಿನ ಕಾಯಿಗಳು ಅಂಟಿನಿಂದ ಮುಚ್ಚಿಕೊಂಡಿದ್ದು, ಬೆಂಕಿಯ ಕಾವಿಗೆ ಬಿರಿದು ಬೀಜ ಉದುರಿಸುತ್ತವೆ. ಆದರೆ ಆ ಸಸಿಗಳು ಸಾಕಷ್ಟು ಕಾಯಿ ಕಟ್ಟುವಷ್ಟು ಬೆಳೆಯುವ ಮೊದಲೇ ಎರಡನೆಯ ಬೆಂಕಿ ಬಿದ್ದರೆ ಬಿತ್ತನೆಗೆ ಬೀಜ ಉಳಿಯುವುದಿಲ್ಲ. ಪೈನ್ ನಿಂತಿದ್ದ ಕಡೆ ಪೊದೆಯೂ ಹುಲ್ಲೂ ಏಳುತ್ತವೆ.